ಬಡಿಯದೆ ಉಳಿದ ಗಂಗಳ

ಹಿತ್ತಲಿನ ಹಗ್ಗದ ಮೇಲೆ ತೂಗುತ್ತಿದ್ದ ನೀಲಿ ಅಂಗಿಯನ್ನು ಕಂಡು ಹುಚ್ಚಮ್ಮನ ಕಾಲು ಅಲ್ಲೇ ನಿಂತಿತು. ತಲೆಯ ಮೇಲಿದ್ದ ಹುಲ್ಲಿನ ಹೊರೆ ಜಾರಿ ಹಿಂದಕ್ಕೆ ಬಿತ್ತು. ಅದೇ ನೀಲಿ, ಜೇಬಿನ ಮೇಲೆ ಅದೇ ಐಟಿಐ ಗುರುತು, ಮಡಿಚಿದರೆ ಮೊಣಕೈವರೆಗೆ ಬರುವ ಅದೇ ತೋಳು...

"ದೀಕ್ಷೀ... ಯಾವಾಗ್ ಬಂದ್ಯೋ ಮಗಾ?"

ಮಾತು ಬಾಯಿಂದ ಬಿದ್ದ ಮೇಲೆಯೇ ಮುದುಕಿಗೆ ಮೈಮೇಲೆ ಎಚ್ಚರ ಬಂದದ್ದು. ದೀಕ್ಷಿತ್ ಅವಳ ಕಿರಿಯ ಮಗ. ಸತ್ತು ಏಳು ವರ್ಷವಾಗಿತ್ತು. ಅವನ ನೀಲಿ ಅಂಗಿ ಅವನ ಮೈಮೇಲೆಯೇ ಇತ್ತು, ಅವನ ಜೊತೆಯಲ್ಲೇ ಹೋಗಿತ್ತು. ಹಾಗಾದರೆ ಇದು ಯಾರದ್ದು?

ಅಡುಗೆಮನೆಯಲ್ಲಿ ರಾಗಿಹಿಟ್ಟು ಜರಡಿ ಹಿಡಿಯುತ್ತಿದ್ದ ಸೊಸೆ ಪವಿತ್ರಾ ಆ ಕೂಗು ಕೇಳಿ ಜರಡಿ ಕೆಳಗಿಟ್ಟಳು. ಅತ್ತೆ ತಮ್ಮ ತಂಗಿಯ ಮನೆಗೆ ಹೋದವರು ಕತ್ತಲಾಗದೆ ಬರುವುದಿಲ್ಲವೆಂದು ನಂಬಿ, ಇಷ್ಟು ದಿನ ಕೊಟ್ಟಿಗೆಯ ಹಿಂದೆ ಒಣಗಿಸುತ್ತಿದ್ದ ಅಂಗಿಯನ್ನು ಇವತ್ತು ಬಿಸಿಲಿಗೆ ಹಾಕಿದ್ದಳು. ಹೊಲಿಗೆ ಕಲಿಯಲು ಕುಶಾಲನಗರಕ್ಕೆ ಹೋಗುತ್ತೇನೆ ಎಂದು ತಿಂಗಳುಗಟ್ಟಲೆ ಹೇಳಿಕೊಂಡು ಬಂದ ಸುಳ್ಳು ಒಂದು ಅಂಗಿಯಾಗಿ ಹಿತ್ತಲಲ್ಲಿ ನೇತಾಡುತ್ತಿತ್ತು.

ಹುಚ್ಚಮ್ಮ ಅಂಗಿಯನ್ನು ಹಗ್ಗದಿಂದ ಕಿತ್ತುಕೊಂಡೇ ಒಳಗೆ ಬಂದಳು. ಅದನ್ನು ಸೊಸೆಯ ಮುಖಕ್ಕೆ ಹಿಡಿದಳು.

"ಹೊಲಿಗೆ ಕಲಿಯೋರ್ಗೂ ಇದೇ ಅಂಗಿ ಕೊಡ್ತಾರೇನೇ?"

"ಅತ್ತೆ..."

"ಬೊಗಳು. ಎಲ್ಲಿಗೋಯ್ತಿದ್ದೆ ಇಷ್ಟು ದಿನ?"

"ಐಟಿಐಗೆ ಸೇರಿದ್ದೀನಿ ಅತ್ತೆ. ಎಲೆಕ್ಟ್ರೀಷಿಯನ್ ಕೆಲಸ ಕಲೀತಿದ್ದೀನಿ."

ಹುಚ್ಚಮ್ಮನದು ಗಟ್ಟಿ ಜೀವ. ಗಂಡ ಸತ್ತ ವಾರಕ್ಕೇ ಗದ್ದೆಗೆ ಇಳಿದವಳು, ಹುಟ್ಟಿದಾಗಿನಿಂದ ತಲೆನೋವು ಎಂದು ಒಂದು ದಿನ ಮಲಗಿದವಳಲ್ಲ. ಅಂಥವಳು ಅಂಗಿಯನ್ನು ಎದೆಗೆ ಒತ್ತಿಕೊಂಡಳು.

"ನನ್ ಮಗ ಕುಂತಿದ್ದ ಜಾಗ್ದಲ್ಲಿ ಕುಂತ್ಕಂಡು, ನನ್ ಮಗ ಓದಿದ್ ಪಾಠ ಓದ್ತಾ ಇದ್ದೀಯಾ? ಅವನ್ನ ಯಾವ್ದು ತಿಂತೋ ಅದ್ನೇ ಕಲಿಯಕ್ಕೆ ಹೋಗಿದ್ದೀಯಾ? ಪ್ರಪಂಚ್ದಲ್ಲಿ ಬ್ಯಾರೆ ವಿದ್ಯೆ ಇರ್ನಿಲ್ವಾ ನಿಂಗೆ?"

ಹುಚ್ಚಮ್ಮ ಅಂಗಿಯನ್ನು ಹಿಡಿದು ಜಗ್ಗಿದ ರಭಸಕ್ಕೆ ಜೇಬು ಅರ್ಧ ಹರಿದು ಜೋತುಬಿತ್ತು. ಬಾಗಿಲಲ್ಲಿ ಹರ್ಷಿತಾ ನಿಂತಿದ್ದಳು. ಹನ್ನೆರಡು ವರ್ಷದ ಮಗಳು ಅಜ್ಜಿಯ ಕೈಯನ್ನೂ ನೋಡಿದಳು, ತಾಯಿಯ ಮುಖವನ್ನೂ ನೋಡಿದಳು, ಹೋಗಿ ಅಜ್ಜಿಯ ಸೆರಗು ಹಿಡಿದು ನಿಂತಳು. ಪವಿತ್ರಾಳ ಕರುಳಿಗೆ ಅಂಗಿ ಹರಿದದ್ದಕ್ಕಿಂತ ಅದು ಹೆಚ್ಚು ನೋವಾಯಿತು. ಆದರೆ ದೂರಲು ಅವಳಿಗೆ ಯಾವ ಹಕ್ಕಿತ್ತು? ಐದು ವರ್ಷ ಆ ಮಗುವಿನ ತಲೆ ಬಾಚಿದ್ದು ಆ ಮುದುಕಿಯೇ.

"ಕೇಳಿಸ್ಕೋ," ಎಂದಳು ಹುಚ್ಚಮ್ಮ. "ಜೈಲಿಂದ ಬಂದೋಳನ್ನ ಒಳಗೆ ಕರ್ಕೊಂಡೆ. ಊರ ಬಾಯಿಗೆ ಹೆದರ್ನಿಲ್ಲ. ಆದ್ರೆ ಇದನ್ನ ನಾನು ಸಹಿಸಾಕಿಲ್ಲ. ಆ ಇಸ್ಕೂಲು ಬೇಕಾ, ಈ ಮನೆ ಬೇಕಾ, ನೀನೇ ಆರ್ಸ್ಕೋ. ಮಗೀನ ಮಾತ್ರ ಕೊಡಕಿಲ್ಲ. ಸೋಮವಾರ ನೀನು ಆ ಬಸ್ಸು ಹತ್ತಿದ್ರೆ, ನಿನ್ ಬಟ್ಟೆ ಗಂಟು ಬಾಗ್ಲಲ್ಲಿರ್ತದೆ."

ಜಗುಲಿಯಲ್ಲಿ ಕುಳಿತಿದ್ದ ಪವಿತ್ರಾಳ ಗಂಡ ಧರ್ಮೇಶ್ ಎಲ್ಲವನ್ನೂ ಕೇಳಿಸಿಕೊಂಡ. ಎದ್ದು ದನಗಳಿಗೆ ನೀರು ಕುಡಿಸಲು ಹೋದ. ಆ ಮನೆಯಲ್ಲಿ ಮಾತು ಏರಿದಾಗಲೆಲ್ಲ ದನಗಳಿಗೆ ಬಾಯಾರಿಕೆಯಾಗುತ್ತಿತ್ತು.

ಇದು ಒಂದು ಅಂಗಿಯ ಜಗಳವಲ್ಲ. ಏಳು ವರ್ಷದ ಹಿಂದಿನ ಒಂದು ಸಂಜೆಯ ಜಗಳ.

ಧರ್ಮೇಶನ ತಂದೆ ಜವರಯ್ಯ ಹಾಸನದ ಕಡೆಯಿಂದ ಹೆಂಡತಿಯನ್ನು ಕಟ್ಟಿಕೊಂಡು ಹಾರಂಗಿ ಹೊಳೆಯ ಈಚೆಗೆ ಬಂದು ಜಮೀನು ಮಾಡಿದಾಗ ಆನೆಯ ಕಾಟ ಇಷ್ಟಿರಲಿಲ್ಲವಂತೆ. ಆಮೇಲೆ ಆನೆಗಳಿಗೆ ಕಾಡಿನ ಸೊಪ್ಪಿಗಿಂತ ಮುಸುಕಿನ ಜೋಳದ ರುಚಿ ಹತ್ತಿತು. ಒಂದು ರಾತ್ರಿ ಬಂದರೆ ವರ್ಷದ ಅನ್ನ ಹೋಯಿತು. ಆ ಸಾಲಿನ ಮನೆಯವರೆಲ್ಲ ಕಂಬದ ಲೈನಿಗೆ ಬಿದಿರುಕೋಲಿನ ಕೊಕ್ಕೆ ಸಿಕ್ಕಿಸಿ ಬೇಲಿಯ ತಂತಿಗೆ ಕರೆಂಟು ಬಿಡುವುದನ್ನು ಕಲಿತರು. ಅದು ಅಪರಾಧವೆಂದು ಗೊತ್ತಿಲ್ಲದವರು ಯಾರೂ ಇರಲಿಲ್ಲ. ಆದರೆ ಗೊತ್ತಿದ್ದೂ ಮಾಡುವ ತಪ್ಪಿಗೆ ಒಂದು ನೇಮ ಹಾಕಿಕೊಂಡುಬಿಟ್ಟರೆ ಅದು ತಪ್ಪಲ್ಲವೆಂದೇ ಅನ್ನಿಸಿಬಿಡುತ್ತದೆ. ಮನುಷ್ಯನ ಬುದ್ಧಿ ಅಂಥದ್ದು. ಆ ನೇಮ ಮಾಡಿದವನು ಜವರಯ್ಯ. ದೀಪ ಹಚ್ಚಿದ ಮೇಲೆ ಮನೆಯವರು ಯಾರಾದರೂ ಉಣ್ಣುವ ಕಂಚಿನ ಗಂಗಳವನ್ನು ಸೌಟಿನಿಂದ ಬಡಿಯುತ್ತ ಬದುವಿನ ತುದಿಯವರೆಗೆ ಹೋಗಬೇಕು. "ಬೇಲಿಗೆ ಕರೆಂಟ್ ಬಿಡ್ತೀವಿ, ಯಾರೂ ಬರ್ಬ್ಯಾಡಿ" ಎಂದು ಕೂಗಬೇಕು. ವಾಪಸ್ಸು ಬಂದು ಕೊಕ್ಕೆ ಹಾಕಬೇಕು. ಗಂಗಳದ ಸದ್ದು ಕೇಳಿದರೆ ದಾರಿಹೋಕರು ಸುತ್ತುಹಾದಿ ಹಿಡಿಯುತ್ತಿದ್ದರು. ಬೆಳಗ್ಗೆ ಕೊಕ್ಕೆ ತೆಗೆದರೆ ಮುಗಿಯಿತು.

ದೀಕ್ಷಿತ್ ಮಾತ್ರ ಇದಕ್ಕೆ ಬೈಯುತ್ತಿದ್ದ. ಐಟಿಐಯಲ್ಲಿ ಎಲೆಕ್ಟ್ರೀಷಿಯನ್ ಕಲಿಯುತ್ತ ಅಲ್ಲಿಯೇ ರೂಮು ಮಾಡಿಕೊಂಡಿದ್ದವನು, ವಾರಕ್ಕೊಮ್ಮೆ ಮನೆಗೆ ಬಂದಾಗಲೆಲ್ಲ, "ಇದು ಬೇಲಿಯಲ್ಲ ಅತ್ಗೆ, ಉರುಲು. ನನ್ ಓದು ಮುಗೀಲಿ, ಇದನ್ನ ಕಿತ್ತು ಬಿಸಾಕ್ತೀನಿ" ಎನ್ನುತ್ತಿದ್ದ. ನೆಲ್ಯಹುದಿಕೇರಿಯ ಹೊಳೆದಂಡೆಯಲ್ಲಿ ಬೆಳೆದು, ಎಸ್ಸೆಸ್ಸೆಲ್ಸಿಯಲ್ಲಿ ವಿಜ್ಞಾನದಲ್ಲಿ ಫೇಲಾಗಿ, ಮದುವೆಯಾಗಿ ಬಂದ ಅತ್ತಿಗೆಯನ್ನು ಮತ್ತೆ ಪರೀಕ್ಷೆಗೆ ಕೂರಿಸಬೇಕೆಂಬ ಹಟವೂ ಅವನದೇ. ಪುಸ್ತಕ ತಂದುಕೊಡುವವನೂ ಅವನೇ. ಪಾಠ ಒಪ್ಪಿಸಿಕೊಳ್ಳುವವನೂ ಅವನೇ.

ಆ ಸಂಜೆ ಧರ್ಮೇಶ್ ಶುಂಠಿ ಲೋಡಿನ ಜೊತೆ ಮೈಸೂರಿಗೆ ಹೋಗಿದ್ದ. ಹರ್ಷಿತಾಗೆ ಐದು ವರ್ಷ. ಜ್ವರದಿಂದ ನರಳಿ ನರಳಿ ಮಗು ಆಗತಾನೇ ಅಜ್ಜಿಯ ತೊಡೆಯ ಮೇಲೆ ನಿದ್ದೆ ಹೋಗಿತ್ತು. ಪವಿತ್ರಾ ಗಂಗಳವನ್ನೂ ಸೌಟನ್ನೂ ಕೈಗೆತ್ತಿಕೊಂಡಳು. ಆಗ ಹುಚ್ಚಮ್ಮ ಪಿಸುದನಿಯಲ್ಲಿ ಅಂದಳು:

"ಬಡೀಬ್ಯಾಡ ಕಣೇ, ಮಗು ಈಗ್ ತಾನೆ ಮಲಗ್ತು. ಒಂದಿನಕ್ಕೆ ಏನೂ ಆಗಾಕಿಲ್ಲ. ಈ ಸೋನೇಲಿ ಯಾರ್ ಬತ್ತಾರೆ?"

ಪವಿತ್ರಾ ಗಂಗಳವನ್ನು ಕೆಳಗಿಟ್ಟಳು. ಹೋಗಿ ಕೊಕ್ಕೆ ಸಿಕ್ಕಿಸಿದಳು.

ದೀಕ್ಷಿತ್ ಮರುದಿನ ಬರಬೇಕಾಗಿದ್ದವನು. ಅತ್ತಿಗೆ ಫೋನಿನಲ್ಲಿ ವಿಜ್ಞಾನದ ಗೈಡು, ಗೈಡು ಎಂದು ಪೀಡಿಸಿದ್ದಕ್ಕೆ ಒಂದು ದಿನ ಮೊದಲೇ ಹೊರಟುಬಂದ. ಬಸ್ಸಿಳಿದು ಗಂಗಳದ ಸದ್ದಿಗೆ ಕಿವಿಗೊಟ್ಟಿರಬೇಕು. ಸದ್ದಿಲ್ಲದ್ದನ್ನು ನೋಡಿ ಇನ್ನೂ ಕರೆಂಟು ಬಿಟ್ಟಿಲ್ಲವೆಂದುಕೊಂಡು ಬದುವಿನ ಒಳದಾರಿ ಹಿಡಿದು, ದಾಟಲು ಬೇಲಿಯ ತಂತಿಗೆ ಕೈ ಹಾಕಿದ. ಮನೆಯವರ ನೇಮವನ್ನು ನಂಬಿದ್ದೇ ಅವನ ತಪ್ಪಾಯಿತು. ಅವನ ಚೀಲದಲ್ಲಿ ಅವಳ ಪುಸ್ತಕವಿತ್ತು.

ಹೆಣದ ಮುಂದೆ ಊರು ಸೇರಿದಾಗ ಹುಚ್ಚಮ್ಮ ಎದೆ ಬಡಿದುಕೊಂಡು ಕೇಳಿದಳು, "ಗಂಗಳ ಯಾಕ್ ಬಡೀಲಿಲ್ವೇ ನೀನು... ಯಾಕ್ ಬಡೀಲಿಲ್ಲ?"

ಪವಿತ್ರಾ ಅತ್ತೆಯ ಮುಖ ನೋಡಿದಳು. ಮಗನ ಹೆಣವನ್ನು ತೊಡೆಯ ಮೇಲಿಟ್ಟುಕೊಂಡ ತಾಯಿಗೆ 'ಬಡಿಯಬೇಡ ಎಂದವರು ನೀವೇ' ಎನ್ನುವ ನಾಲಿಗೆ ಯಾರಿಗಿದೆ?

"ಮರೆತೆ ಅತ್ತೆ," ಎಂದಳು.

ಒಮ್ಮೆ ಹೇಳಿದ ಮೇಲೆ ಅದೇ ನಿಂತಿತು. ಪೊಲೀಸರ ಮುಂದೆಯೂ ಅದೇ, ಕೋರ್ಟಿನಲ್ಲೂ ಅದೇ. ಕೊಕ್ಕೆ ಮಾಡಿದವನು ಧರ್ಮೇಶ್, ಹಾಕಲು ಕಲಿಸಿದವನೂ ಅವನೇ. ಆದರೆ ಮಗಳಿಗೆ ಇಬ್ಬರಲ್ಲಿ ಒಬ್ಬರಾದರೂ ಉಳಿಯಬೇಕಲ್ಲ ಎಂದು ಪವಿತ್ರಾ ಎಲ್ಲವನ್ನೂ ತನ್ನ ತಲೆಗೆ ಕಟ್ಟಿಕೊಂಡಳು. ಅವನು ಕಟ್ಟಬೇಡ ಎನ್ನಲಿಲ್ಲ. ಅತ್ತೆಗೆ ಆ ಸಂಜೆಯ ತನ್ನ ಮಾತು ನಿಜವಾಗಿಯೂ ಮರೆತಿದೆಯೋ, ಮರೆತಂತೆ ಇದ್ದಾಳೋ ಎಂಬುದು ಸೊಸೆಗೆ ಇವತ್ತಿಗೂ ತಿಳಿದಿರಲಿಲ್ಲ.

ಹಾಗೆಂದು ಪವಿತ್ರಾ ತನ್ನನ್ನು ತಾನು ದೇವತೆ ಎಂದುಕೊಂಡವಳಲ್ಲ. ಮಾತು ಅತ್ತೆಯದು, ಕೈ ಯಾರದು? ಗಂಗಳ ಬೇಡವೆಂದರೆ ಬದುವಿನ ತುದಿಗೆ ಹೋಗಿ ಬಾಯಲ್ಲಿ ಕೂಗಬಹುದಿತ್ತು. ಕೂಗಿದರೆ ಅಷ್ಟು ದೂರದಿಂದ ಮಗು ಏಳುತ್ತಿರಲಿಲ್ಲ. ಸೋನೆಮಳೆ ಹಿಡಿದಿತ್ತು, ಕೆಸರಿತ್ತು, ಮೈ ದಣಿದಿತ್ತು, ಯಾರು ಹೋಗುತ್ತಾರೆ ಅಲ್ಲಿಯವರೆಗೆ ಎಂದು ಸೋಮಾರಿಯಾದಳು. ಇದು ಯಾವ ಕೋರ್ಟೂ ಕೇಳದ, ಯಾರಿಗೂ ಗೊತ್ತಿರದ ತಪ್ಪು. ಅವಳು ಶಿಕ್ಷೆ ಅನುಭವಿಸಿದ್ದು ಈ ತಪ್ಪಿಗೆ.

ಐದು ವರ್ಷ ಕಳೆದ ಜೈಲಿನಲ್ಲಿ ಪಾಠ ಹೇಳಲು ಬರುತ್ತಿದ್ದ ಮೇಡಂ ಒಬ್ಬರು ಅವಳನ್ನು ಮತ್ತೆ ಎಸ್ಸೆಸ್ಸೆಲ್ಸಿಗೆ ಕೂರಿಸಿದರು. ವಿಜ್ಞಾನದ ಪುಸ್ತಕವನ್ನು ಮುಟ್ಟಲು ಮೊದಮೊದಲು ಕೈ ಬರಲಿಲ್ಲ. ವಿದ್ಯುತ್ತಿನ ಪಾಠ ಬಂದ ದಿನ ಎದ್ದುಹೋಗಿ ಗೋಡೆಗೆ ಮುಖ ಹಾಕಿ ಅತ್ತಳು. ಆಮೇಲೆ ಅದೇ ಪಾಠವನ್ನು ಉರು ಹೊಡೆಯುವಷ್ಟು ಸಲ ಓದಿದಳು, ಅರ್ಥವಾಗದ್ದನ್ನು ಮೇಡಂಗೆ ಕೇಳಿ ಕೇಳಿ ತಿಳಿದುಕೊಂಡಳು. ಕರೆಂಟು ಹರಿದರೆ ಕೈಯ ಸ್ನಾಯು ಬಿಗಿದು ತಂತಿಯನ್ನೇ ಗಟ್ಟಿಯಾಗಿ ಹಿಡಿದುಕೊಳ್ಳುತ್ತದೆ, ಬಿಡಬೇಕೆಂದರೂ ಬಿಡಲಾಗುವುದಿಲ್ಲ, ಉಸಿರೂ ಕಟ್ಟುತ್ತದೆ. ದೀಕ್ಷಿತ್ ಯಾಕೆ ಕೂಗಲಿಲ್ಲ ಎಂಬುದು ಅವಳಿಗೆ ಅರ್ಥವಾದದ್ದು ಹಾಗೆ. ಪಾಸಾದೆ ಎಂದು ತಿಳಿದ ದಿನ ಅವಳು ಊಟ ಮಾಡಲಿಲ್ಲ. ಅವನು ಬದುಕಿದ್ದರೆ ಸಿಹಿ ಹಂಚುತ್ತಿದ್ದ; ಅವನು ಸತ್ತಿದ್ದರಿಂದಲೇ ಅವಳಿಗೆ ಓದು ಸಿಕ್ಕಿತ್ತು. ಈ ಎರಡನ್ನೂ ಒಟ್ಟಿಗೆ ನುಂಗುವುದು ಅವಳಿಗೆ ಆಗಲಿಲ್ಲ.

ಬಿಡುಗಡೆಯಾಗಿ ಬಂದ ಮೇಲೆ ಅವನು ಮುಗಿಸದೆ ಹೋದ ಓದನ್ನು ಮುಗಿಸಬೇಕು ಎಂಬುದೊಂದೇ ಅವಳಿಗೆ ಉಳಿದ ಹಾದಿಯಾಗಿ ಕಂಡಿತು. ಆದರೆ ಇದನ್ನು ಅವನ ತಾಯಿಗೆ ಹೇಗೆ ಹೇಳುವುದು? ಹೇಳಲಾಗದೆ ಹೊಲಿಗೆ ಎಂದಳು. ಒಂದು ಸುಳ್ಳಿಗೆ ಇನ್ನೊಂದು ಸುಳ್ಳು.

ಭಾನುವಾರ ಬೆಳಗ್ಗೆ ಬಚ್ಚಲ ಪಕ್ಕದ ಕಲ್ಲಿನ ಮೇಲೆ ಪವಿತ್ರಾ ಪಾತ್ರೆ ಬೆಳಗುತ್ತಿದ್ದಾಗ ಹರ್ಷಿತಾ ಬಂದು ನಿಂತಳು. ತಾಯಿ ಜೈಲಿನಿಂದ ಬಂದಾಗಿನಿಂದ ಆ ಹುಡುಗಿ ಅವಳನ್ನು ಅಮ್ಮ ಎಂದು ಕರೆದಿರಲಿಲ್ಲ. ಮನೆಗೆ ಬಂದ ನೆಂಟರನ್ನು ಮಾತಾಡಿಸಿದಂತೆ ನೀವು, ತಾವು ಎನ್ನುತ್ತಿದ್ದಳು.

"ನೀವು ಮನೆ ಬಿಟ್ಟು ಹೋಗ್ತೀರಾ?"

"ಗೊತ್ತಿಲ್ಲ ಮಗಳೇ."

"ಒಂದು ಕೇಳ್ಲಾ?" ಹುಡುಗಿ ಕಾಲುಬೆರಳಿನಿಂದ ನೆಲ ಕೆರೆದಳು. "ಸ್ಕೂಲಲ್ಲಿ ಎಲ್ರೂ ಅಂತಾರೆ, ನೀವು ಬೇಕಂತ್ಲೇ ಗಂಗಳ ಬಡೀಲಿಲ್ಲ ಅಂತ. ಚಿಕ್ಕಪ್ಪನ್ ಮೇಲೆ ಸಿಟ್ಟಿತ್ತಂತೆ ನಿಮ್ಗೆ. ಹೌದಾ?"

ಪವಿತ್ರಾಳ ಕೈಯಲ್ಲಿದ್ದ ಪಾತ್ರೆ ನೀರಿಗೆ ಜಾರಿತು. ಒಂದೇ ಒಂದು ಮಾತು... ನಿನ್ನ ಅಜ್ಜಿಯನ್ನು ಕೇಳು ಎಂದರೆ ಸಾಕಿತ್ತು. ಮಗಳು ತನ್ನ ಕಡೆ ಬಂದುಬಿಡುತ್ತಿದ್ದಳು. ಆದರೆ ಆ ಮಾತಿನ ಹಿಂದೆಯೇ ಇನ್ನೊಂದು ಬರುತ್ತಿತ್ತು: ಅಜ್ಜಿ ಯಾಕೆ ಬೇಡವೆಂದಳು? ನೀನು ಮಲಗಿದ್ದೆ ಎಂದು. ನಿನ್ನ ನಿದ್ದೆ ಕೆಡಬಾರದು ಎಂದು. ಚಿಕ್ಕಪ್ಪನ ಸಾವನ್ನು ತನ್ನ ನಿದ್ದೆಯ ತಲೆಗೆ ಕಟ್ಟಿಕೊಂಡ ಮಗು ಆಮೇಲೆ ಯಾವ ರಾತ್ರಿ ನೆಮ್ಮದಿಯಾಗಿ ಮಲಗೀತು?

"ಸಿಟ್ಟಿರಲಿಲ್ಲ ಹರ್ಷಿ. ನಿನ್ನ ಚಿಕ್ಕಪ್ಪನ್ನ ಕಂಡ್ರೆ ನಂಗೆ ತುಂಬಾ ಪ್ರೀತಿ. ನಾನು ಮರೆತುಬಿಟ್ಟೆ. ಅಷ್ಟೇ."

"ಅಂಥದನ್ನ ಹೆಂಗ್ ಮರೀತಾರೆ?"

ಪವಿತ್ರಾ ಪಾತ್ರೆಯನ್ನು ನೀರಿನಿಂದ ಎತ್ತಿ ಮತ್ತೆ ಉಜ್ಜತೊಡಗಿದಳು. ಹುಡುಗಿ ಹೊರಟುಹೋದಳು. ಬಚ್ಚಲೊಳಗೆ ಹಂಡೆಯ ಒಲೆಗೆ ಸೌದೆ ನೂಕುವ ಸದ್ದು ಯಾವಾಗಲೋ ನಿಂತಿತ್ತು. ಹೊಗೆಯೊಳಗೆ ಹುಚ್ಚಮ್ಮ ಕುಕ್ಕುರುಗಾಲಿನಲ್ಲಿ ಕುಳಿತಿದ್ದಳು. ಅವಳು ಎಲ್ಲವನ್ನೂ ಕೇಳಿಸಿಕೊಂಡಿದ್ದಾಳೆಂದು ಪವಿತ್ರಾಗೆ ಗೊತ್ತಾಗಲಿಲ್ಲ. ಮುದುಕಿ ಆ ಇಡೀ ದಿನ ಯಾರೊಡನೆಯೂ ಮಾತಾಡಲಿಲ್ಲ. ಸಿಟ್ಟು ಇನ್ನೂ ಇಳಿದಿಲ್ಲವೆಂದು ಎಲ್ಲರೂ ಅಂದುಕೊಂಡರು.

ಸೋಮವಾರ ಪವಿತ್ರಾ ಬಸ್ಸು ಹತ್ತಿದಳು, ಓದಲಿಕ್ಕಲ್ಲ, ಐಟಿಐಯವರು ಕೊಟ್ಟಿದ್ದ ಟೂಲ್‌ಬ್ಯಾಗು ವಾಪಸ್ಸು ಕೊಡಲಿಕ್ಕೆ. ಮಗಳಿಗಿಂತ ದೊಡ್ಡ ವಿದ್ಯೆ ಯಾವುದಿದೆ ಎಂದು ದಾರಿಯುದ್ದಕ್ಕೂ ತನಗೆ ತಾನೇ ಹೇಳಿಕೊಂಡಳು. ಹೇಳಿಕೊಂಡಷ್ಟೂ ಬ್ಯಾಗಿನ ಹಿಡಿಯನ್ನು ಬಿಗಿಯಾಗಿ ಹಿಡಿಯುತ್ತಿದ್ದಳು.

ಪಾಠ ಹೇಳುವ ಬೆಳ್ಯಪ್ಪ ಸರ್ ಚೆಟ್ಟಳ್ಳಿ ಕಡೆಯವರು. ನಿವೃತ್ತಿಗೆ ಹತ್ತಿರವಾದ ಮನುಷ್ಯ. ದೀಕ್ಷಿತ್‌ಗೂ ಅವರೇ ಕಲಿಸಿದ್ದು. ಸೇರುವಾಗಲೇ ಪವಿತ್ರಾ ತಾನು ಯಾರು, ಎಲ್ಲಿಂದ ಬಂದವಳು ಎಂದು ಅವರಿಗೆ ಹೇಳಿಕೊಂಡಿದ್ದಳು. ಅವರು ಬ್ಯಾಗನ್ನು ಮುಟ್ಟಲಿಲ್ಲ.

"ಎಂತ ಆಯ್ತು?"

ಆದದ್ದನ್ನೆಲ್ಲ ಹೇಳಿದಳು. ಅವರು ಕನ್ನಡಕ ತೆಗೆದು ಒರೆಸಿದರು. ಮತ್ತೆ ಹಾಕಿಕೊಳ್ಳಲಿಲ್ಲ.

"ನೋಡಿ ಪವಿತ್ರಾ, ನಿಮಗೆ ನಾನು ಒಂದು ಹೇಳಿರಲಿಲ್ಲ. ಆ ಹುಡುಗ ನನ್ನ ಬೆನ್ನು ಬಿದ್ದಿದ್ದ. ಸೋಲಾರ್ ಬೇಲಿ ಹಾಕೋದು ಕಲಿಸಿ ಸರ್, ನಮ್ಮ ಮನೇಲಿ ಕೊಕ್ಕೆ ಹಾಕ್ತಾರೆ, ನಂಗೆ ಹೆದರಿಕೆ ಆಗ್ತದೆ ಅಂತ. ಸಿಲಬಸ್‌ನಲ್ಲಿ ಇಲ್ಲ, ಪರೀಕ್ಷೆ ಮುಗೀಲಿ ಮತ್ತೆ ನೋಡುವ ಅಂದೆ ನಾನು. ಎರಡು ಸಲ ಕೇಳಿದ. ಎರಡು ಸಲವೂ ಅದೇ ಅಂದೆ." ಅವರು ಕಿಟಕಿಯ ಕಡೆ ತಿರುಗಿದರು. "ನಮ್ಮ ತೋಟದಲ್ಲಿ ಬಿಚ್ಚಿಟ್ಟ ಹಳೇ ಬೇಲಿ ಸಾಮಾನು ಉಂಟು. ಪ್ಯಾನಲ್ ಉಂಟು, ತಂತಿಗೆ ಕರೆಂಟ್ ಕೊಡುವ ಬಾಕ್ಸ್ ರಿಪೇರಿ ಮಾಡಿದ್ರೆ ನಡೀತದೆ. ನೀವು ಬ್ಯಾಗ್ ಕೊಟ್ಟು ಹೋಗೋದಾದ್ರೆ ಹೋಗಿ. ನಾನು ತಡೆಯೋದಿಲ್ಲ. ಅದಕ್ಕೆ ಮೊದಲು ಆ ಬೇಲಿ ಹಾಕಿ ಹೋಗಿ. ಅವನು ಕೇಳಿದ್ದು ಅದೊಂದೇ."

ಪವಿತ್ರಾ ಬ್ಯಾಗನ್ನು ಹೆಗಲಿಗೆ ಹಾಕಿಕೊಂಡೇ ವಾಪಸ್ಸು ಬಂದಳು.

ಬಂದವಳು ಅಂಗಳದಲ್ಲೇ ನಿಂತಳು. ಅಟ್ಟದ ಮೇಲೆ ಏಳು ವರ್ಷ ಧೂಳು ತಿಂದ ಬಿದಿರುಕೋಲನ್ನು ಧರ್ಮೇಶ್ ಕೆಳಗಿಳಿಸಿ ಒರೆಸುತ್ತಿದ್ದ. ತುದಿಯ ಕೊಕ್ಕೆಗೆ ಹೊಸ ತಂತಿ ಸುತ್ತಿಯಾಗಿತ್ತು.

"ಏನ್ರೀ ಇದು?"

ಅವನು ತಲೆಯೆತ್ತಲಿಲ್ಲ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡವನ ಹಾಗೆ ಕೋಲನ್ನು ಬೆನ್ನ ಹಿಂದೆ ಸರಿಸಿದ. "ನೆನ್ನೆ ರಾತ್ರಿ ಪಕ್ಕದ್ ಜೋಳಕ್ಕೆ ಆನೆ ಬಿದ್ದವೆ. ಇವತ್ತು ನಮ್ದುಕ್ಕೆ ಬತ್ತವೆ. ತೆನೆ ಹಾಲು ಕಟ್ಟಿದೆ. ಇನ್ನೇನ್ ಮಾಡ್ಲಿ ನಾನು? ಗಂಗಳ ಬಡ್ದೇ ಹಾಕ್ತೀನಿ."

ಅಷ್ಟು ವರ್ಷದಲ್ಲಿ ಪವಿತ್ರಾ ಗಂಡನ ಮೇಲೆ ದನಿಯೆತ್ತಿದವಳಲ್ಲ. ಅವನ ಕೈಯಿಂದ ಕೋಲನ್ನು ಕಿತ್ತುಕೊಂಡಳು.

"ಗಂಗಳ ಬಡಿದ್ರೆ ಸರಿ ಹೋಗುತ್ತಾ? ತಪ್ಪು ಗಂಗಳದ್ದಾ? ಹೇಳಿ. ಕಿವುಡರು ಬಂದ್ರೆ? ಕುಡಿದೋರು ಬಂದ್ರೆ? ನಾಳೆ ಹರ್ಷಿ ಹೋದ್ರೆ ಆ ಕಡೆಗೆ? ನಾನು ಜೈಲಲ್ಲಿ ಕೂತು ಕಲ್ತಿದ್ದು ಇದೊಂದೇ ರೀ, ಈ ಕೊಕ್ಕೆ ಹಾಕಬಾರದು ಅಂತ. ದೀಕ್ಷಿ ಬಾಯಿ ನೋಯೋ ಹಾಗೆ ಹೇಳಿದ್ನಲ್ಲ, ನಾವು ಕೇಳಲಿಲ್ಲವಲ್ಲ..."

ಕೋಲನ್ನು ಮೊಣಕಾಲಿಗೆ ಕೊಟ್ಟು ಮುರಿದಳು. ಎರಡೂ ತುಂಡನ್ನು ಒಯ್ದು ಹಂಡೆಯ ಒಲೆಗೆ ತುರುಕಿದಳು. ಒಲೆಯ ಮುಂದೆಯೇ ಹುಚ್ಚಮ್ಮ ಕುಳಿತಿದ್ದಳು. ತಡೆಯಲಿಲ್ಲ. ಬಿದಿರು ಸಿಡಿದು ಉರಿಯುವುದನ್ನು ಅತ್ತೆ ಸೊಸೆ ಇಬ್ಬರೂ ನೋಡಿದರು.

"ಅತ್ತೆ," ಎಂದಳು ಪವಿತ್ರಾ. ಅವಳ ದನಿ ಈಗ ಇಳಿದಿತ್ತು. "ನೀವು ಆರಿಸ್ಕೋ ಅಂದ್ರಿ. ಬಿಟ್ಟುಬಿಡೋಣ ಅಂತಲೇ ಹೋಗಿದ್ದೆ. ಆಗಲಿಲ್ಲ. ನಾನು ಮನೆ ಬಿಡ್ತೀನಿ. ಹರ್ಷಿ ನಿಮ್ಮ ಹತ್ರಾನೇ ಇರಲಿ, ನಿಮ್ಮಷ್ಟು ಚೆನ್ನಾಗಿ ನಾನು ಸಾಕೋಕಾಗಲ್ಲ. ಆದ್ರೆ ಒಂದು ಭಾನುವಾರ ಟೈಮ್ ಕೊಡಿ. ಆ ಹೊಲಕ್ಕೆ ಸರಿಯಾದ ಬೇಲಿ ಹಾಕಿ ಹೋಗ್ತೀನಿ."

ಹುಚ್ಚಮ್ಮ ಉರಿಯುವ ಬಿದಿರನ್ನು ಒಲೆಯ ಒಳಕ್ಕೆ ನೂಕಿದಳು. ಬಾಗಿಲಲ್ಲಿ ಬಟ್ಟೆಯ ಗಂಟು ಇರಲಿಲ್ಲ.

ಆ ವಾರವೆಲ್ಲ ಧರ್ಮೇಶ್ ಹೊಲದಲ್ಲೇ ಬೆಂಕಿ ಹಾಕಿಕೊಂಡು ಕಾದ. ಮಾತಾಡಲು ಬಾರದ ಗಂಡಸು ಹಾಗೆ ತನ್ನ ತಪ್ಪನ್ನು ತೀರಿಸಲು ನೋಡಿದ. ಆನೆಗಳು ಒಂದು ಮೂಲೆಯನ್ನು ತುಳಿದು ಹೋದವು, ಉಳಿದದ್ದು ಉಳಿಯಿತು.

ಭಾನುವಾರ ಬೆಳ್ಯಪ್ಪ ಸರ್ ಜೀಪಿನಲ್ಲಿ ಸಾಮಾನು ಹೇರಿಕೊಂಡು ನಾಲ್ಕೈದು ಜನ ಕಲಿಯುವವರ ಜೊತೆ ಬಂದರು. ಗೂಟ ನೆಟ್ಟರು, ತಂತಿ ಎಳೆದರು. ಬಾಕ್ಸನ್ನು ಬಿಚ್ಚಿ ಕೂಡಿಸಿದ್ದು ಪವಿತ್ರಾ. ಹರಿದ ಜೇಬಿನ ಅಂಗಿ ಮನೆಯಲ್ಲಿ ಎಲ್ಲಿಯೂ ಕಾಣದ್ದರಿಂದ ಸೀರೆಯ ಮೇಲೆ ಧರ್ಮೇಶನ ಹಳೆಯ ಶರ್ಟು ತೊಟ್ಟಿದ್ದಳು. ಹೊತ್ತು ಇಳಿಯುವಷ್ಟರಲ್ಲಿ ಕೆಲಸ ಮುಗಿಯಿತು. ಬದುವಿನ ತುದಿಯಲ್ಲಿ, ದೀಕ್ಷಿತ್ ಬಿದ್ದಿದ್ದ ಜಾಗದಲ್ಲೇ ಕೊನೆಯ ಗೂಟ ಬಂದಿತ್ತು. ಅಲ್ಲಿಗೆ ಏಳು ವರ್ಷದಿಂದ ಕಾಲಿಡದ ಹುಚ್ಚಮ್ಮ ಮೊಮ್ಮಗಳ ಕೈ ಹಿಡಿದು ನಿಧಾನ ನಡೆದುಬಂದಳು.

"ಮತ್ತೆ ಅದೇ ಕರೆಂಟು ತಾನೆ?" ಎಂದಳು.

"ಅದಲ್ಲ ಅತ್ತೆ. ತೋರಿಸ್ತೀನಿ."

ಪವಿತ್ರಾ ಹೋಗಿ ಬಾಕ್ಸಿನ ಸ್ವಿಚ್ಚು ಹಾಕಿ ಬಂದಳು. ಬೆಳ್ಯಪ್ಪ ಸರ್ ಬೇಡ ಎನ್ನುವಷ್ಟರಲ್ಲಿ ತಂತಿಗೆ ಬರಿಗೈ ಹಾಕಿದಳು. ಹರ್ಷಿತಾ ಚೀರಿದಳು. ತಂತಿ ಪವಿತ್ರಾಳ ಕೈಯನ್ನು ಫಟ್ಟನೆ ಒದೆದು ಎಸೆಯಿತು. ಅವಳು ಎರಡು ಹೆಜ್ಜೆ ಹಿಂದಕ್ಕೆ ಹೋಗಿ ಬದುವಿನ ಮೇಲೆ ಕುಳಿತುಬಿಟ್ಟಳು. ಭುಜದವರೆಗೆ ಜೋಮು ಹಿಡಿದಿತ್ತು, ಕಣ್ಣಲ್ಲಿ ನೀರು ಬಂದಿತ್ತು. ಆದರೆ ಕೂತಿದ್ದಳು, ಉಸಿರಾಡುತ್ತಿದ್ದಳು.

"ಹೊಡೆಯುತ್ತೆ ಅತ್ತೆ... ಹಿಡ್ಕೊಳ್ಳೋದಿಲ್ಲ. ಒಂದು ಸಲ ಹೊಡೆದು ಬಿಟ್ಟುಬಿಡುತ್ತೆ."

ಹುಚ್ಚಮ್ಮ ತಂತಿಯನ್ನು ನೋಡಿದಳು, ಸೊಸೆಯ ಕೈ ನೋಡಿದಳು.

"ಅವತ್ತು ಇದಿದ್ದಿದ್ರೆ... ನನ್ ಮಗ?"

ಪವಿತ್ರಾ ಜೋಮು ಹಿಡಿದ ಕೈಯನ್ನು ಉಜ್ಜಿಕೊಂಡಳು. "ನಮ್ಮನ್ನ ಬೈಕೊಂಡು ಮನೆಗೆ ಬರ್ತಿದ್ದ ಅತ್ತೆ."

ಮುದುಕಿ ಅಲ್ಲಿಯೇ ಕುಸಿದು ಕುಳಿತಳು. ಹೆಣದ ಮುಂದೆ ಅತ್ತದ್ದು ಊರಿನ ಮುಂದಿನ ಅಳು, ಈಗಿನದು ಬೇರೆ. ಸದ್ದೇ ಇಲ್ಲದೆ ಮೈಯೆಲ್ಲ ಅಲುಗಿತು. ಹತ್ತಿರ ಹೋಗಬಹುದೋ ಇಲ್ಲವೋ ತಿಳಿಯದೆ ಪವಿತ್ರಾ ಇದ್ದಲ್ಲೇ ಇದ್ದಳು. ಬೆಳ್ಯಪ್ಪ ಸರ್ ಟೋಪಿ ತೆಗೆದು ಹುಡುಗರನ್ನು ಜೀಪಿನ ಕಡೆಗೆ ಕರೆದುಕೊಂಡು ಹೋದರು.

ಸ್ವಲ್ಪ ಹೊತ್ತಿಗೆ ಹುಚ್ಚಮ್ಮ ಎದ್ದಳು. "ಆ ಸ್ವಿಚ್ ತೆಗಿ. ನಾನ್ ಹೇಳೋಗಂಟ ಹಾಕ್ಬ್ಯಾಡ" ಎಂದು ಮನೆಯ ಕಡೆ ಹೋದಳು. ಬರುವಾಗ ಅವಳ ಕೈಯಲ್ಲಿ ಗಂಗಳವಿತ್ತು, ಸೌಟಿತ್ತು. ಏಳು ವರ್ಷ ಅಕ್ಕಿ ಮೂಟೆಯ ಹಿಂದೆ ಬೋರಲು ಬಿದ್ದಿದ್ದ ಕಂಚು ಕಪ್ಪಾಗಿತ್ತು. ಮನೆಯ ಬಾಗಿಲಿನಿಂದಲೇ ಬಡಿಯುತ್ತ ಬಂದಳು. ಬದುವಿನ ಉದ್ದಕ್ಕೂ ಬಡಿದಳು. ಈ ಬೇಲಿಗೆ ಆ ಸದ್ದು ಬೇಕಿರಲಿಲ್ಲ ಎಂದು ಪವಿತ್ರಾ ಹೇಳಲಿಲ್ಲ. ಅಕ್ಕಪಕ್ಕದ ಹೊಲದವರು ಎದ್ದು ನಿಂತು ನೋಡಿದರು. ಕೊನೆಯ ಗೂಟದ ಹತ್ತಿರ ಬಂದ ಮೇಲೂ ಅವಳ ಕೈ ನಿಲ್ಲಲಿಲ್ಲ. ಒಂದು ಸಂಜೆ ಬಡಿಯದೆ ಉಳಿದದ್ದನ್ನೆಲ್ಲ ಒಟ್ಟಿಗೆ ಬಡಿಯುತ್ತಿದ್ದಳು. ಕೊನೆಗೆ ತೋಳು ಸೋತು ಸೌಟು ಕೆಳಗೆ ಬಿತ್ತು.

"ಹರ್ಷೀ, ಬಾ ಇಲ್ಲಿ," ಎಂದಳು ಏದುಸಿರಿನಲ್ಲಿ. "ಅವತ್ತು ನಿಮ್ಮವ್ವ ಮರೀಲಿಲ್ಲ ಕಣ್ ಮಗಾ. ಬಡಿಯಕ್ಕೆ ಅಂತ ಗಂಗಳ ಎತ್ಕಂಡಿದ್ಲು. ಬ್ಯಾಡ ಅಂದಿದ್ದು ನಾನು."

ಪವಿತ್ರಾ ಒಂದು ಹೆಜ್ಜೆ ಮುಂದಿಟ್ಟಳು. ಹಾಗಾದರೆ ಅತ್ತೆ ಮರೆತಿರಲಿಲ್ಲ! ಇಷ್ಟು ವರ್ಷ ಒಂದು ದಿನವೂ ಮರೆತಿರಲಿಲ್ಲ. ಇನ್ನೊಂದು ಮಾತಿದೆಯಲ್ಲ, ಅದೂ ಈಗ ಬರುತ್ತದಲ್ಲ... ಅವಳು ತಡೆಯಲು ಬಾಯಿ ತೆರೆದಳು.

"ಯಾಕಜ್ಜಿ? ಯಾಕ್ ಬೇಡ ಅಂದೆ?"

ಹುಚ್ಚಮ್ಮ ಮೊಮ್ಮಗಳ ತಲೆಯ ಮೇಲಿಂದ ಸೊಸೆಯನ್ನು ನೋಡಿದಳು. ಸುಮ್ಮನಿರು ಎಂಬಂತಿತ್ತು ಆ ನೋಟ.

"ನಂಗೆ ತಲೆ ಸಿಡೀತಿತ್ತು ಮಗಾ ಅವತ್ತು. ತಲೆನೋವು. ಸದ್ದು ಮಾಡ್ಬ್ಯಾಡ ಅಂದೆ. ನನ್ ತಲೆನೋವು ನನ್ ಮಗನ್ನ ತಿಂತು. ಅದನ್ನ ನಿಮ್ಮವ್ವ ಯಾರ್ಗೂ ಹೇಳ್ನಿಲ್ಲ. ನಾನೂ ಹೇಳ್ನಿಲ್ಲ. ಅವ್ಳು ನನ್ ಮಾನ ಉಳಿಸಕ್ಕೆ ಹೇಳ್ನಿಲ್ಲ, ನಾನು ಹೆದರ್ಕಂಡು ಹೇಳ್ನಿಲ್ಲ."

ಹುಟ್ಟಿದಾಗಿನಿಂದ ತಲೆನೋವು ಕಾಣದ ಹೆಂಗಸು ಅಷ್ಟು ಹೇಳಿ ಸೆರಗಿನಿಂದ ಮುಖ ಒರೆಸಿಕೊಂಡಳು. ಮಗುವಿನ ಜ್ವರ, ಮಗುವಿನ ನಿದ್ದೆ, ಅದೊಂದೂ ಅವಳ ಮಾತಿನಲ್ಲಿ ಬರಲಿಲ್ಲ. ಪವಿತ್ರಾ ಬಂದು ಅತ್ತೆಯ ಕಾಲ ಹತ್ತಿರ ಕುಳಿತಳು. ಬದುವಿನ ತುದಿಗೆ ಹೋಗಿ ಕೂಗಬಹುದಿತ್ತು ಎಂಬ ತನ್ನ ಪಾಲಿನ ತಪ್ಪು ಅಲ್ಲಿಯೇ ಇತ್ತು, ಎಲ್ಲಿಗೂ ಹೋಗುವುದಿಲ್ಲ ಎಂದೂ ಅವಳಿಗೆ ಗೊತ್ತಿತ್ತು. ಆದರೆ ಈಗ ಅದರ ಪಕ್ಕದಲ್ಲಿ ಕೂರಲು ಇನ್ನೊಬ್ಬರಿದ್ದರು.

ಹರ್ಷಿತಾ ಇಬ್ಬರನ್ನೂ ನೋಡಿದಳು. ಕೆಳಗೆ ಬಿದ್ದಿದ್ದ ಸೌಟನ್ನು ಎತ್ತಿಕೊಂಡಳು. ಆಮೇಲೆ ತಾಯಿಯ ಹತ್ತಿರ ಬಂದು ಜೋಮು ಹಿಡಿದ ಕೈಯನ್ನು ಮೆಲ್ಲಗೆ ಮುಟ್ಟಿದಳು.

"ಇನ್ನೂ ನೋಯ್ತಿದ್ಯಾ ಅಮ್ಮ?"

ಪವಿತ್ರಾ ಇಲ್ಲ ಎಂದು ತಲೆಯಾಡಿಸಿದಳು.

"ಹೋಗ್ ಹಾಕು," ಎಂದಳು ಹುಚ್ಚಮ್ಮ. ಪವಿತ್ರಾ ಹೋಗಿ ಸ್ವಿಚ್ಚು ಹಾಕಿದಳು.

ಊಟವಾದ ಮೇಲೆ ಪವಿತ್ರಾ ತನ್ನ ಬಟ್ಟೆ ಜೋಡಿಸಿಕೊಳ್ಳಲೆಂದು ಒಳಕೋಣೆಗೆ ಹೋದಳು. ಬೇಲಿ ಹಾಕಿ ಹೋಗುತ್ತೇನೆ ಎಂದು ಮಾತು ಕೊಟ್ಟಿದ್ದಳಲ್ಲ. ಮೊಳೆಗೆ ನೀಲಿ ಅಂಗಿ ತೂಗುಹಾಕಿತ್ತು. ಹರಿದ ಜೇಬನ್ನು ಯಾರೋ ದಪ್ಪ ಬಿಳಿ ದಾರದಲ್ಲಿ ವಕ್ರವಕ್ರವಾಗಿ ಹೊಲಿದಿದ್ದರು. ಕಣ್ಣು ಮಂಜಾದವರ ಹೊಲಿಗೆ.

ಪಕ್ಕದಲ್ಲಿ ಹರ್ಷಿತಾ ದಣಿದು ಮಲಗಿಬಿಟ್ಟಿದ್ದಳು. ಜಗುಲಿಯ ಬಾಕ್ಸಿನಿಂದ ಬೇಲಿಯ ಸದ್ದು ಒಂದೇ ಸಮನೆ ಕೇಳಿಬರುತ್ತಿತ್ತು. ಟಿಕ್... ಟಿಕ್... ಬಾಗಿಲ ಬಳಿ ಬಂದು ನಿಂತ ಹುಚ್ಚಮ್ಮ ಅಂಗಿಯ ಮಾತೆತ್ತಲಿಲ್ಲ, ಮನೆ ಬಿಡುವ ಮಾತನ್ನೂ ಎತ್ತಲಿಲ್ಲ. ಮೊಮ್ಮಗಳ ಮೇಲೆ ಹೊದಿಕೆ ಎಳೆದಳು. ಎಂದೋ ಒಂದು ಸಂಜೆ ಮಾತಾಡಿದ್ದ ಅದೇ ಪಿಸುದನಿಯಲ್ಲಿ ಕೇಳಿದಳು:

"ಈ ಸದ್ದಿಗೆ ಮಗು ಎದ್ದೀತಾ?"

ಪವಿತ್ರಾ ಅತ್ತೆಯ ಮುಖ ನೋಡಿದಳು.

"ಇಲ್ಲ ಅತ್ತೆ. ಮಲಗಿದ್ದಾಳೆ."

"ನೀನೂ ಮಲಕ್ಕೋ. ಬೆಳಗ್ಗೆ ನಿನ್ ಇಸ್ಕೂಲ್ ಬಸ್ಸು ತಪ್ಪೋಯ್ತದೆ," ಎಂದು ಹುಚ್ಚಮ್ಮ ದೀಪ ಆರಿಸಿದಳು.